ಊರಿನ ಹೂವಲ್ಲೇ ನೋಸ್‌ಗೇ ಕಟ್ಟೋದು ಹೇಗೆ

ಮಂಗಳೂರಿನ ಮದುವೆ ಹಾಲ್‌ಗಳಲ್ಲಿ ಕೊಡುವ ಬೊಕೆಯನ್ನು ಒಮ್ಮೆ ಮೂಸಿ ನೋಡಿ. ಪರಿಮಳವೇ ಇರಲ್ಲ. ಉಡುಪಿ ಬಳಿಯ ಶಂಕರಪುರದ ಮಲ್ಲಿಗೆ ಕೈಗೆಟುಕುವಷ್ಟು ಹತ್ತಿರ ಇರುವಾಗ ಪ್ಲಾಸ್ಟಿಕ್ ಸುತ್ತಿದ ಜರ್ಬೆರಾ ಯಾಕೆ ಅಂತ ನನಗೆ ನಿಜಕ್ಕೂ ಬೇಜಾರು.

ನೋಸ್‌ಗೇ ಅಂದರೆ ಮುಷ್ಟಿಯಲ್ಲಿ ಹಿಡಿಯುವಷ್ಟು ಪುಟ್ಟ ಹೂಗುಚ್ಛ. ಇಂಗ್ಲೆಂಡಿನಲ್ಲಿ ಹಿಂದೆ ಬೀದಿಯ ದುರ್ವಾಸನೆ ತಡೆಯಲಾರದೆ ಇದನ್ನು ಮೂಗಿನ ಹತ್ತಿರ ಹಿಡಿದು ಓಡಾಡುತ್ತಿದ್ದರು. ಲಂಡನ್ನಿನ ಓಲ್ಡ್ ಬೈಲಿ ಕೋರ್ಟಿನ ಜಡ್ಜ್‌ಗಳೂ ಹಿಡಿಯುತ್ತಿದ್ದರು, ಯಾಕಂದ್ರೆ ಪಕ್ಕದ ಜೈಲಿನ ಜ್ವರದ ಭಯ. 1750ರಲ್ಲಿ ಆ ಜ್ವರಕ್ಕೆ ಮೇಯರ್ ಕೂಡ ಬಲಿಯಾಗಿದ್ದರು. ಅದು ಹೇನಿನಿಂದ ಹರಡುವ ಟೈಫಸ್, ಹೂವಿನಿಂದ ತಡೆಯುವಂಥದ್ದಲ್ಲ.

ಆದರೂ ನೋಸ್‌ಗೇ ಹುಟ್ಟಿದ್ದೇ ಮೂಗಿಗಾಗಿ. ಹಾಗಾಗಿ ಮೊದಲು ಪರಿಮಳ, ಆಮೇಲೆ ಬಣ್ಣ. ನಡುವಿಗೆ ಒಂದು ನಾಟಿ ಗುಲಾಬಿ. ಸುತ್ತ ತುಳಸಿ, ಮರುಗ, ಪಚ್ಚೆತೆನೆ, ಯಾವುದು ಸಿಗುತ್ತೋ ಅದು. ದಂಟುಗಳನ್ನು ಒಂದು ಗೇಣು ಉದ್ದಕ್ಕೆ ಓರೆಯಾಗಿ ಕತ್ತರಿಸಿ, ಒಂದೆರಡು ಗಂಟೆ ನೀರಲ್ಲಿ ನಿಲ್ಲಿಸಿ. ಕೆಳಗಿನ ಎಲೆ ಎಲ್ಲ ತೆಗೆಯಿರಿ, ಇಲ್ಲಾಂದ್ರೆ ಕೊಳೆಯುತ್ತೆ. ಆಮೇಲೆ ಗುಲಾಬಿ ಹಿಡಿದು, ಒಂದೊಂದೇ ದಂಟನ್ನು ಒಂದೇ ದಿಕ್ಕಿಗೆ ವಾಲಿಸಿ ಸೇರಿಸುತ್ತಾ, ಗುಚ್ಛವನ್ನೂ ಸ್ವಲ್ಪ ಸ್ವಲ್ಪ ತಿರುಗಿಸುತ್ತಾ ಹೋಗಿ; ಹೀಗೆ ಮಾಡಿದರೆ ತಾನಾಗಿಯೇ ದುಂಡಗಾಗುತ್ತೆ.

ಇನ್ನು ಮಲ್ಲಿಗೆ. ಅದಕ್ಕೆ ಉದ್ದ ದಂಟಿಲ್ಲ, ಸುಮ್ನೆ ಸಿಕ್ಕಿಸಿದರೆ ಉದುರುತ್ತೆ. ಒಂದೊಂದು ಮೊಗ್ಗಿಗೂ ತಂತಿ ಚುಚ್ಚುವವರಿದ್ದಾರೆ, ನನಗೆ ಅದು ಇಷ್ಟ ಇಲ್ಲ. ನಮ್ಮಲ್ಲಿ ಬಾಳೆನಾರಿನಲ್ಲಿ ಕಟ್ಟಿಯೇ ಮಾರುತ್ತಾರಲ್ವಾ, ಅದನ್ನೇ ಗುಲಾಬಿಯ ಕುತ್ತಿಗೆಗೆ, ಎಲೆಗಳ ಮೇಲೆ ಕೂರುವ ಹಾಗೆ ಎರಡು ಮೂರು ಸುತ್ತು ಸುತ್ತಿ. ಹೀಗೆ ಕಟ್ಟಿದ ಒಂದು ಚೆಂಡಲ್ಲಿ 800 ಹೂ ಇರುತ್ತೆ, ನಾಲ್ಕು ಚೆಂಡು ಸೇರಿದರೆ ಒಂದು ಅಟ್ಟೆ. ನಿಮಗೆ ಅರ್ಧ ಚೆಂಡು ಬೇಕಾದಷ್ಟಾಯಿತು. ಬಣ್ಣ ಬೇಕಿದ್ದರೆ ಹೊರಗೆ ಒಂದು ಸುತ್ತು ಅಬ್ಬಲಿಗೆ, ಅಂದರೆ ಕನಕಾಂಬರ. ಪರಿಮಳ ಇಲ್ಲ, ಆದರೆ ಆ ಕೇಸರಿ ಬಣ್ಣ ಬಿಳಿ ಪಕ್ಕ ಚೆಂದ.

ಬಾಳೆನಾರನ್ನು ನೀರಲ್ಲಿ ಅದ್ದಿ ಮೆತ್ತಗೆ ಮಾಡಿಕೊಂಡು ಬಿಗಿಯಾಗಿ ಕಟ್ಟಿ. ದಂಟಿನ ತುದಿಗೆ ಒದ್ದೆ ಹತ್ತಿ ಬಟ್ಟೆ, ಅದರ ಮೇಲೆ ಬೆಂಕಿಯಲ್ಲಿ ಬಾಡಿಸಿದ ಬಾಳೆಲೆ. ಹಸಿ ಎಲೆ ಸುತ್ತುವಾಗಲೇ ಹರಿಯುತ್ತೆ, ಬಾಡಿಸಿದ್ದು ಹೇಳಿದ ಹಾಗೆ ಕೇಳುತ್ತೆ.

ಹೊತ್ತು ಮುಖ್ಯ. ಮಲ್ಲಿಗೆಯನ್ನು ಮೊಗ್ಗಲ್ಲೇ ಬೆಳಿಗ್ಗೆ ಕೊಯ್ಯುತ್ತಾರೆ, ಸಂಜೆಗೆ ಅರಳುತ್ತೆ. ಮಧ್ಯಾಹ್ನ ಕಟ್ಟಿದರೆ ಸಂಜೆಯ ರಿಸೆಪ್ಶನ್‌ಗೆ ಸರಿಯಾಗಿ ಘಮ್ ಅನ್ನುತ್ತೆ. ಸೆಪ್ಟೆಂಬರ್ 8ರ ಮೊಂತಿ ಫೆಸ್ತಿಗೆ, ಅಂದರೆ ಮೇರಿ ಮಾತೆಯ ಹುಟ್ಟುಹಬ್ಬಕ್ಕೆ, ಮಕ್ಕಳು ಬೆಳಿಗ್ಗೆಯೇ ಇಗರ್ಜಿಗೆ ಹೂ ಒಯ್ಯುವಾಗ ಮಾತ್ರ ಅರಳಿದ ಜಾಜಿ ಸುತ್ತಿ.

ಜಾಸ್ತಿ ದಿನ ಇಟ್ಟುಕೊಳ್ಳಬೇಕು ಅಂತಿದ್ದರೆ ಸುರಗಿ ಅಥವಾ ರೆಂಜೆ (ಬಕುಲ) ಮಾಲೆ ಬಳಸಿ, ಅವು ಒಣಗಿದರೂ ಪರಿಮಳ ಬಿಡಲ್ಲ.