ಪಾತ್ರದಿಂದ ನಿರ್ದೇಶನಕ್ಕೆ: ಕರಾವಳಿಯ ನಟರಿಗೊಂದು ಕೈಪಿಡಿ

ಸಿನಿಮಾ ಬರೆದು ನಿರ್ದೇಶಿಸುವ ಆಸೆಯಿರುವ ನಟರು ಮೊದಲು ಬೇರೆಯವರ ಚಿತ್ರದಲ್ಲಿ ನಟನೆಯ ಹೊರತಾದ ಒಂದು ಕೆಲಸವನ್ನು ವಹಿಸಿಕೊಳ್ಳಬೇಕು. ಇದಕ್ಕೆ ಸರ್ಬಿಯಾದ ದ್ರಾಗನ್ ಬ್ಯೆಲೊಗ್ರ್ಲಿಚ್ ಅವರ ವೃತ್ತಿಜೀವನ ಒಳ್ಳೆಯ ಉದಾಹರಣೆ. 1963ರಲ್ಲಿ ಒಪೊವೊ ಎಂಬ ಊರಿನಲ್ಲಿ ಹುಟ್ಟಿದ ಅವರು 1978ರಲ್ಲಿ ಬಾಲನಟರಾಗಿ ತೆರೆಗೆ ಬಂದರು. 1996ರಲ್ಲಿ ಬೋಸ್ನಿಯಾ ಯುದ್ಧದ ಕುರಿತ ಚಿತ್ರವೊಂದರಲ್ಲಿ ಮುಖ್ಯ ಪಾತ್ರ ವಹಿಸಿದ್ದಲ್ಲದೆ ಅದರ ನಿರ್ಮಾಣದ ಹೊಣೆಗೂ ಹೆಗಲು ಕೊಟ್ಟರು. ಅವರು ನಿರ್ದೇಶಿಸಿದ ಮೊದಲ ಕಥಾಚಿತ್ರ, 1930ರ ವಿಶ್ವಕಪ್‌ಗೆ ಹೋದ ಯುಗೊಸ್ಲಾವಿಯಾ ಫುಟ್‌ಬಾಲ್ ತಂಡದ ಕಥೆ, ತೆರೆಕಂಡದ್ದು 2010ರಲ್ಲಿ, ಅಂದರೆ 32 ವರ್ಷಗಳ ಬಳಿಕ. ನಮ್ಮ ಹೊನ್ನಾವರದಲ್ಲಿ ಹುಟ್ಟಿದ ಶಂಕರ್ ನಾಗ್ 1978ರಲ್ಲಿ ನಟರಾಗಿ ಬಂದು 1980ರಲ್ಲೇ ನಿರ್ದೇಶಕರಾದರಲ್ಲ ಎಂದು ಕೇಳಬಹುದು; ಅವರ ಬೆನ್ನಿಗೆ ಮುಂಬೈಯ ಮರಾಠಿ ರಂಗಭೂಮಿಯ ಅನುಭವವಿತ್ತು ಎಂಬುದನ್ನು ಮರೆಯಬಾರದು.

ಬರವಣಿಗೆಗೆ ತಾಳಮದ್ದಳೆಯಲ್ಲಿ ಅರ್ಥ ಹೇಳಿದ ಅನುಭವ ದೊಡ್ಡ ಬಂಡವಾಳ, ಏಕೆಂದರೆ ಪ್ರಸಂಗದ ಪದ್ಯವನ್ನು ಹಿಡಿದು ನಿಂತ ನಿಲುವಿನಲ್ಲೇ ಮಾತು ಕಟ್ಟುವವರು ಅರ್ಧ ಲೇಖಕರಾಗಿಯೇ ಇರುತ್ತಾರೆ. ಆದರೆ ಅದೇ ಅಭ್ಯಾಸ ಚಿತ್ರಕಥೆಗೆ ತೊಡಕೂ ಆಗುತ್ತದೆ. ಪಾತ್ರಗಳು ಮಾತು ನಿಲ್ಲಿಸುವುದೇ ಇಲ್ಲ. ಆದ್ದರಿಂದ ಮೊದಲ ಕರಡಿನ ಸಂಭಾಷಣೆಯಲ್ಲಿ ಅರ್ಧವನ್ನಾದರೂ ಹೊಡೆದುಹಾಕಿ, ಉಳಿದಲ್ಲಿ ಕಣ್ಣಿಗೆ ಕಾಣುವುದನ್ನು ಮಾತ್ರ ಬರೆಯಬೇಕು. ಕಾರವಾರದ ಮೀನು ಮಾರುಕಟ್ಟೆಯ ದೃಶ್ಯವೊಂದನ್ನು ಬರೆಯುವಾಗ ‘ಅವಳಿಗೆ ಬೇಸರವಾಯಿತು’ ಎಂದರೆ ಕ್ಯಾಮೆರಾದವರಿಗೆ ಏನೂ ಸಿಗುವುದಿಲ್ಲ. ‘ಮಾರಾಟವಾಗದೆ ಉಳಿದ ಬಂಗುಡೆಯ ಮೇಲೆ ನೀರು ಚಿಮುಕಿಸಿ, ಬುಟ್ಟಿಗೆ ಗೋಣಿ ಮುಚ್ಚಿ, ಪಕ್ಕದವಳ ಖಾಲಿ ಬುಟ್ಟಿಯನ್ನು ನೋಡಿದಳು’ ಎಂದರೆ ಚಿತ್ರೀಕರಿಸಬಹುದು. ಒಬ್ಬರೇ ಬರೆಯಬೇಕೆಂಬ ಹಟವೂ ಬೇಡ. 1958ರ ವಿಂಚಾ ಅಣುಸಂಸ್ಥೆಯ ಅಪಘಾತವನ್ನು ಆಧರಿಸಿದ 2023ರ ತಮ್ಮ ಚಿತ್ರದ ಕಥೆಯನ್ನು ಬ್ಯೆಲೊಗ್ರ್ಲಿಚ್ ಇತರರೊಡನೆ ಸೇರಿಯೇ ಬರೆದರು.

ಮೊದಲ ಚಿತ್ರದಲ್ಲಿ ನಾಯಕನ ಪಾತ್ರವನ್ನು ತಾವೇ ವಹಿಸದಿರುವುದು ಲೇಸು. ಬ್ಯೆಲೊಗ್ರ್ಲಿಚ್ 2010ರ ಚಿತ್ರದ ಮುಖ್ಯ ಪಾತ್ರಗಳಿಗೆ ಯುವ ನಟರನ್ನು ಆರಿಸಿಕೊಂಡರು. ತಾವೇ ನಾಯಕರಾಗಿ ನಿಂತು ನಿರ್ದೇಶಿಸಿದ್ದು 2017ರಲ್ಲಿ ಆರಂಭವಾದ ದೂರದರ್ಶನ ಧಾರಾವಾಹಿಯಲ್ಲಿ.

ಇನ್ನು ನಮ್ಮ ಕಡಲತೀರದಲ್ಲಿ ಚಿತ್ರೀಕರಿಸುವವರು ಗಡಿಯಾರಕ್ಕಿಂತ ಹೆಚ್ಚಾಗಿ ಉಬ್ಬರವಿಳಿತವನ್ನು ನಂಬಬೇಕಾಗುತ್ತದೆ. ಉಬ್ಬರ ದಿನಕ್ಕೆ ಸುಮಾರು 50 ನಿಮಿಷ ತಡವಾಗುತ್ತ ಹೋಗುವುದರಿಂದ, ಕಾಳಿ ನದಿಯ ಅಳಿವೆಯಲ್ಲಿ ಇಂದು ಬೆಳಿಗ್ಗೆ 7 ಗಂಟೆಗೆ ಅರ್ಧಕ್ಕೆ ನಿಲ್ಲಿಸಿದ ದೃಶ್ಯವನ್ನು ನಾಳೆ ಅದೇ 7ಕ್ಕೆ ಮುಂದುವರಿಸಿದರೆ ನಾಯಕಿಯ ಹಿಂದಿನ ನೀರಿನ ಗೆರೆ ಬೇರೆಡೆ ಇರುತ್ತದೆ. ಅಮಾವಾಸ್ಯೆ, ಹುಣ್ಣಿಮೆಯ ಹೊತ್ತಿಗೆ ನೀರು ಇನ್ನೂ ಮೇಲೇರುತ್ತದೆ. ಆದ್ದರಿಂದ ನೀರಿನ ಗೆರೆಯ ಚಿತ್ರ ತೆಗೆದಿಟ್ಟುಕೊಳ್ಳುವ ಕೆಲಸವನ್ನು ಒಬ್ಬ ಸಹಾಯಕರಿಗೆ ಒಪ್ಪಿಸಿ, ಮರುದಿನದ ವೇಳಾಪಟ್ಟಿಯನ್ನು ದೋಣಿಯವರನ್ನು ಕೇಳಿದ ಮೇಲೆಯೇ ಬರೆಯಬೇಕು.