ಮುಖ ಬಿಟ್ಟು ಮೈ ನೋಡಿದೆ: ಒಬ್ಬ ಇಟಾಲಿಯನ್ ಡೂಪ್ ಕಲಾವಿದರ ಚಿತ್ರಪಟ್ಟಿ ಮಾಡಿದ ನನ್ನ ಅನುಭವ

ಜೊವಾನ್ನಿ ಚಾನ್‌ಫ್ರೀಲ್ಯಾ ಅವರು ಯಾವ ಯಾವ ಚಿತ್ರದಲ್ಲಿ ಕುದುರೆಯಿಂದ ಬಿದ್ದಿದ್ದಾರೆ, ಎಲ್ಲೆಲ್ಲಿ ನಾಯಕನ ಕೈಯಲ್ಲಿ ಒದೆ ತಿಂದಿದ್ದಾರೆ ಎಂಬ ಪಟ್ಟಿಯನ್ನು ಟೈಟಲ್ ಕಾರ್ಡಿನ ನೆರವಿಲ್ಲದೆ ಮಾಡಬಹುದು ಎಂದು ನಾನು ಹೇಳಿದಾಗ, ಹಳೆಯ ಚಿತ್ರಗಳ ದಾಖಲೆ ಮಾಡುವ ನಮ್ಮ ಗೆಳೆಯರಲ್ಲಿ ಒಬ್ಬರೂ ನಂಬಿರಲಿಲ್ಲ. ಈಗ ಪಟ್ಟಿ ಒಂದು ಹದಕ್ಕೆ ಬಂದಿರುವುದರಿಂದ ಬರೆಯುವ ಧೈರ್ಯ ಮಾಡಿದ್ದೇನೆ.

1958ರ ಹರ್ಕ್ಯುಲಿಸ್ ಚಿತ್ರ ‘ಲೆ ಫಾತಿಕೆ ದಿ ಎರ್ಕೊಲೆ’ಯಲ್ಲಿ ನಾಯಕ ಸ್ಟೀವ್ ರೀವ್ಸ್‌ಗೆ ಡೂಪ್ ಆಗಿದ್ದವರು ಇವರೇ. ಪೌರಾಣಿಕ ಚಿತ್ರಗಳ ಭರಾಟೆ ಇಳಿದು ಕೌಬಾಯ್ ಚಿತ್ರಗಳು ಬಂದಾಗ ಇವರು ಇಂಗ್ಲಿಷ್ ಹೆಸರಿಟ್ಟುಕೊಂಡು ‘ಕೆನ್ ವುಡ್’ ಆದರು. ಆಗ ಅದು ಎಲ್ಲರೂ ಮಾಡುತ್ತಿದ್ದ ಕೆಲಸವೇ. 1964ರ ‘ಎ ಫಿಸ್ಟ್‌ಫುಲ್ ಆಫ್ ಡಾಲರ್ಸ್’ನಲ್ಲಿ ನಿರ್ದೇಶಕ ಸೆರ್ಜೊ ಲಿಯೋನೆ ತಮ್ಮ ಹೆಸರನ್ನು ‘ಬಾಬ್ ರಾಬರ್ಟ್‌ಸನ್’ ಎಂದು ಹಾಕಿಸಿಕೊಂಡರೆ, ಅದೇ ಚಿತ್ರದ ಸಾಹಸ ಕಲಾವಿದ ಬೆನಿತೊ ಸ್ತೆಫಾನೆಲ್ಲಿ ‘ಬೆನ್ನಿ ರೀವ್ಸ್’ ಆದರು. ಹೀಗಾಗಿ ಹೆಸರನ್ನು ನೆಚ್ಚಿಕೊಂಡು ಹೊರಟರೆ ದಾರಿ ತಪ್ಪುತ್ತದೆ. ದನಿಯಿಂದಲೂ ಉಪಯೋಗವಿಲ್ಲ, ಏಕೆಂದರೆ ಅಲ್ಲಿ ಮಾತುಗಳನ್ನೆಲ್ಲ ಚಿತ್ರೀಕರಣದ ನಂತರ ಡಬ್ಬಿಂಗ್‌ನಲ್ಲಿ ಕೂಡಿಸುತ್ತಿದ್ದರು, ಬಹಳ ಸಲ ಬೇರೆಯವರ ದನಿಯಲ್ಲಿ.

ಮೊದಲು ದುಡ್ಡು ಹೋದದ್ದು ಫೋಟೊಬುಸ್ತೆಗಳಿಗೆ, ಅಂದರೆ ಇಟಲಿಯ ಚಿತ್ರಮಂದಿರಗಳ ಮುಂದೆ ಅಂಟಿಸುತ್ತಿದ್ದ ದೊಡ್ಡ ಅಳತೆಯ ಚಿತ್ರಗಳಿಗೆ. ಅಂಚೆ ವೆಚ್ಚ, ಸುಂಕ ಎಲ್ಲ ಸೇರಿ ಹದಿನೈದು ಸಾವಿರದ ಹತ್ತಿರ ಖರ್ಚಾಯಿತು. ಬಂದವುಗಳಲ್ಲೆಲ್ಲ ನಾಯಕ, ನಾಯಕಿ, ಮತ್ತೆ ನಾಯಕಿ. ಆಮೇಲೆ ಹಳೆಯ ವಿಎಚ್‌ಎಸ್ ಪ್ರತಿಗಳನ್ನು ಸಂಗ್ರಹಿಸಿದೆ. ಅಗಲ ಪರದೆಗೆಂದು ತೆಗೆದ ಚಿತ್ರವನ್ನು ಟಿವಿಯ ಚೌಕಕ್ಕೆ ಕತ್ತರಿಸುವಾಗ ಎರಡೂ ಅಂಚುಗಳು ಹೋಗುತ್ತವೆ, ಸಾಹಸ ಕಲಾವಿದರು ಹೊಡೆತಕ್ಕೆ ಕಾದು ನಿಲ್ಲುವುದೇ ಆ ಅಂಚಿನಲ್ಲಿ. ಕೊನೆಗೆ ಯುರೋಪಿನ ಬ್ಲೂ-ರೇಗಳನ್ನೇ ತರಿಸಬೇಕಾಯಿತು. ಬ್ಲೂ-ರೇ ಡಿಸ್ಕುಗಳಿಗೆ ಮಾರುವ ಭೂಭಾಗದ ಬೀಗವಿರುತ್ತದೆ: ಅವು ರೀಜನ್ ಬಿ, ನಮ್ಮದು ರೀಜನ್ ಸಿ, ಆದ್ದರಿಂದ ಎಲ್ಲ ರೀಜನ್ನೂ ಓಡಿಸುವ ಪ್ಲೇಯರ್‌ಗೆ ಮತ್ತೆ ಮೂವತ್ತು ಸಾವಿರದಷ್ಟು ಹೋಯಿತು. ಮುಖ ಗುರುತಿಸುವ ತಂತ್ರಾಂಶವನ್ನೂ ಹಾಕಿ ನೋಡಿದೆ. ಅಂಟುಗಡ್ಡ, ಧೂಳು, ಕಡಿಮೆ ಫಿಲ್ಮ್ ಬಳಸುವ ಅಗಲ ಪರದೆ ವಿಧಾನವಾದ ಟೆಕ್ನಿಸ್ಕೋಪ್‌ನ ದಪ್ಪ ಗ್ರೇನ್ (ಫಿಲ್ಮಿನ ಕಣಗಳು) ಇವುಗಳ ನಡುವೆ ಅದು ಗಡ್ಡವಿದ್ದವರನ್ನೆಲ್ಲ ಒಬ್ಬನೇ ಎಂದಿತು.

ದಾರಿ ಸಿಕ್ಕಿದ್ದು ‘ಸೂಪರ್‌ಆರ್ಗೋ’ದಿಂದ. 1966ರ ಈ ಚಿತ್ರದಲ್ಲಿ ಕೆನ್ ವುಡ್ ನಾಯಕ, ಆದರೆ ಮುಖದ ಮೇಲೆ ಕಪ್ಪು ಮುಸುಕು, ಮೈಗಂಟಿದ ಕೆಂಪು ಉಡುಪು. ಮುಖ ಹುಡುಕುವವರು ಇದನ್ನು ಬದಿಗಿಡುತ್ತಾರೆ. ನನಗೆ ಅದೇ ಅಳತೆಗೋಲಾಯಿತು: ಕುಸ್ತಿಪಟುವಿನ ಪಾತ್ರವಾದ್ದರಿಂದ ಅಖಾಡದಲ್ಲಿ ಏಳುವುದು, ಬೀಳುವುದು, ಹೊರಳುವುದು ಎಲ್ಲ ಇದೆ, ಅಂಗಸೌಷ್ಠವವನ್ನು ಮರೆಮಾಡುವ ಸಡಿಲ ಬಟ್ಟೆಯೂ ಇಲ್ಲ. ನಾಯಕನೇ ಸಾಹಸ ಕಲಾವಿದನಾಗಿರುವಾಗ ಇನ್ನೊಬ್ಬ ಡೂಪ್‌ಗೆ ನಿರ್ಮಾಪಕರು ದುಡ್ಡು ಸುರಿದಿರಲಾರರು ಎಂಬುದು ನನ್ನ ತರ್ಕ. ಬೀಳುವಾಗ ಮೊದಲು ನೆಲ ಮುಟ್ಟುವ ಭುಜ ಯಾವುದು, ಬಿದ್ದ ಮೇಲೆ ಯಾವ ಮೊಣಕಾಲು ಮಡಚುತ್ತದೆ, ಸೊಂಟದಿಂದ ಮೊಣಕಾಲಿನವರೆಗಿನ ಉದ್ದಕ್ಕೂ ಮೊಣಕಾಲಿನ ಕೆಳಗಿನ ಉದ್ದಕ್ಕೂ ಇರುವ ಅನುಪಾತ ಎಷ್ಟು ಎಂಬುದನ್ನು ಒಂದೊಂದು ಫ್ರೇಮ್ ಸರಿಸುತ್ತ ಬರೆದುಕೊಂಡೆ. ಇವಲ್ಲದೆ ಇನ್ನೆರಡು ಗುರುತುಗಳಿವೆ. ಪಟ್ಟಿ ಅಚ್ಚಾಗುವವರೆಗೆ ಅವು ನನ್ನಲ್ಲೇ ಇರಲಿ.

ಇಲ್ಲೊಂದು ತೊಡಕನ್ನು ಹೇಳಲೇಬೇಕು. ಪಾಲ್ ಪ್ರತಿಗಳು, ಅಂದರೆ ಯುರೋಪಿನ ಟಿವಿ ಪದ್ಧತಿಯ ಪ್ರತಿಗಳು, ಸೆಕೆಂಡಿಗೆ 24ರ ಬದಲು 25 ಫ್ರೇಮ್ ಓಡುವುದರಿಂದ ಎಲ್ಲವೂ ನೂರಕ್ಕೆ ನಾಲ್ಕರಷ್ಟು ಚುರುಕಾಗುತ್ತದೆ. ಅಮೆರಿಕದ ಪದ್ಧತಿಯ ಎನ್‌ಟಿಎಸ್‌ಸಿ ಪ್ರತಿಗಳಲ್ಲಿ ಫೀಲ್ಡುಗಳು, ಅಂದರೆ ಫ್ರೇಮಿನ ಅರ್ಧಭಾಗಗಳು, ಮರುಕಳಿಸಿ ಲೆಕ್ಕ ಕೆಡುತ್ತದೆ. ಬೀಳುವ ಹೊತ್ತನ್ನು ಸೆಕೆಂಡಿನಲ್ಲಿ ಅಳೆದವರು ಕೈಸುಟ್ಟುಕೊಳ್ಳುತ್ತಾರೆ. ಮೂಲ ಫ್ರೇಮ್‌ಗಳನ್ನೇ ಎಣಿಸಬೇಕು.

ಅನುಮಾನಪಟ್ಟವರ ಮುಂದೆಯೇ ಪರೀಕ್ಷೆ ಆಯಿತು. ಅವರು ಟೈಟಲ್ ಕತ್ತರಿಸಿದ ಹೊಡೆದಾಟದ ತುಣುಕುಗಳನ್ನು ಕೊಟ್ಟರು, ಕೆಲವದರಲ್ಲಿ ಚಾನ್‌ಫ್ರೀಲ್ಯಾ ಇದ್ದರು, ಕೆಲವದರಲ್ಲಿ ಇರಲಿಲ್ಲ. ಹತ್ತಕ್ಕೆ ಎಂಟರಷ್ಟು ಸರಿ ಹೇಳಿದೆ. ಬೆನ್ನು ಮಾತ್ರ ಕಾಣುವ ತುಣುಕುಗಳಲ್ಲೂ ಹೇಳಿದೆ. ಆಮೇಲೆ ಚಹಾ ಅವರದೇ ಖರ್ಚು.

ಈ ಉಮೇದಿನಲ್ಲಿ ಅದೇ ವಿಧಾನವನ್ನು ಇಟಲಿಯ ಸಾಹಸ ಕಲಾವಿದರಾದ ದೆಲ್ಲಾಕ್ವಾ ಸಹೋದರರ ಮೇಲೂ ಪ್ರಯೋಗಿಸಿದೆ. 1979ರ ಲುಚೊ ಫುಲ್ಚಿ ಚಿತ್ರ ‘ಝೋಂಬಿ 2’ರಲ್ಲಿ ಕಣ್ಣಿನಿಂದ ಹುಳು ಸುರಿಯುವ ಶವವಾಗಿ ಬರುವವರು ಒತ್ತಾವಿಯಾನೊ ದೆಲ್ಲಾಕ್ವಾ. ಪೋಸ್ಟರ್ ಲೋಕಪ್ರಸಿದ್ಧ, ಹೆಸರು ಕೇಳಿದವರು ಕಡಿಮೆ. ಆದರೆ ಸರ್ಕಸ್ ಮನೆತನದ ಈ ಅಣ್ಣತಮ್ಮಂದಿರು ಬೀಳುವ ರೀತಿ ನಾನು ನೋಡಿದಷ್ಟರಲ್ಲಿ ಒಂದೇ ಅಚ್ಚು. ಮೈಯ ಅನುಪಾತವೂ ಹತ್ತಿರ ಹತ್ತಿರ. ಒತ್ತಾವಿಯಾನೊ ಯಾರು, ಆಲ್ಬೆರ್ತೊ ಯಾರು ಎಂದು ಬೇರ್ಪಡಿಸಲು ನನ್ನ ವಿಧಾನಕ್ಕೆ ಆಗಲಿಲ್ಲ. ಒಡಹುಟ್ಟಿದವರ ವಿಷಯದಲ್ಲಿ ಕಿವಿಯ ಆಕಾರವನ್ನೂ ಸೇರಿಸಬೇಕೆಂದು ಕಾಣುತ್ತದೆ, ಅದಕ್ಕೆ 4ಕೆ ಪ್ರತಿಗಳು ಬೇಕು, ಅವುಗಳ ಬೆಲೆ ನೋಡಿ ಸದ್ಯಕ್ಕೆ ಕೈಬಿಟ್ಟಿದ್ದೇನೆ.