ಕಲ್ಲಿಗೇನ್ ಬರ ಐತೇನು?

"ಏನ್ ಹುಡುಕಾಕತ್ತಿ ತಮ್ಮಾ?" ಕುರಿ ಕಾಯುವ ಅಜ್ಜ ಕೇಳಿದರು.

"ಒಂದು ದೊಡ್ಡ ಕಲ್ಲು, ಅಜ್ಜಾ."

ಅವರು ಸುತ್ತ ನೋಡಿ ನಕ್ಕರು. "ಇಲ್ಲಿ ಕಲ್ಲಿಗೇನ್ ಬರ ಐತೇನು?"

ಹಂಪಿ ಹತ್ತಿರದ ಆನೆಗೊಂದಿ, ಸಾಣಾಪುರದ ಕಡೆ ಓರಿಯಂಟಿಯರಿಂಗ್ ಮಾಡುವವರ ಪಾಡೇ ಇದು. ಮ್ಯಾಪ್, ಕಂಪಾಸ್ ಹಿಡಿದು ಓಡಬೇಕು. ಗುರುತಿನ ಜಾಗಗಳಲ್ಲಿ ಕಟ್ಟಿದ ಬಿಳಿ-ಕಿತ್ತಳೆ ಬಾವುಟಗಳನ್ನು ಕ್ರಮವಾಗಿ ಮುಟ್ಟಬೇಕು. ಬೇಗ ಮುಗಿಸಿದವರು ಗೆದ್ದರು.

ಮೊದಲು ನಾವು ಸರ್ವೇ ಆಫ್ ಇಂಡಿಯಾದ 1:50,000 ಮ್ಯಾಪನ್ನೇ ಜೆರಾಕ್ಸ್ ಅಂಗಡಿಯಲ್ಲಿ ಐದು ಪಟ್ಟು ದೊಡ್ಡದು ಮಾಡಿಸಿದೆವು. ಗೆರೆ ದಪ್ಪವಾಯಿತು ಅಷ್ಟೇ, ಹೊಸ ಬಂಡೆ ಒಂದೂ ಮೂಡಲಿಲ್ಲ! ಆಮೇಲೆ ನಾಲ್ಕು ಭಾನುವಾರ ಅಲೆದು 1:10,000 ಅಳತೆಗೆ ನಾವೇ ಬರೆದೆವು. ಇದರಲ್ಲಿ 1 ಸೆಂ.ಮೀ. ಅಂದರೆ ನೆಲದ ಮೇಲೆ 100 ಮೀಟರ್. ಬಂಡೆಗೆ ಕಪ್ಪು, ನೀರಿಗೆ ನೀಲಿ, ಏರಿಳಿತದ ಗೆರೆಗೆ ಕಂದು. ಹಸಿರು ಕಂಡರೆ ನೆರಳು ಅಂತ ಖುಷಿ ಪಡಬೇಡಿ. ಅದು ಓಡಲಾಗದ ಪೊದೆ. ನಮ್ಮಲ್ಲಿ ಬಳ್ಳಾರಿ ಜಾಲಿ, ಅಂಗಿ ಬಿಡಲ್ಲ.

ಅವತ್ತು ಅಜ್ಜನಿಗೆ ಹೇಳಿದ ಆ ದೊಡ್ಡ ಕಲ್ಲಿನ ಹತ್ತಿರವೇ ಮೂರನೇ ಬಾವುಟ. ಅಲ್ಲಿಗೆ 400 ಮೀಟರ್ ಇತ್ತು. ಕಂಪಾಸ್ ಹಿಡಿದು ನೇರ ಹೊರಟೆ. ಅಡ್ಡ ಬಂದ ಬಂಡೆಯನ್ನೆಲ್ಲ ಬಲಕ್ಕೇ ಸುತ್ತಿದೆ, ಆ ಕಡೆ ಸಲೀಸಾಗಿತ್ತು. ಪ್ರತಿ ಸಲ ಸ್ವಲ್ಪ ಸ್ವಲ್ಪ ಬಲಕ್ಕೆ ಸರಿದಿದ್ದು ಗೊತ್ತೇ ಆಗಲಿಲ್ಲ. ಕಂಪಾಸ್ ಸುಳ್ಳು ಹೇಳಲಿಲ್ಲ. ದಿಕ್ಕು ಸರಿಯೇ ಇತ್ತು, ನಾನು ನಿಂತ ಜಾಗ ತಪ್ಪಿತ್ತು. ಹೆಜ್ಜೆ ಎಣಿಸುವುದೂ ಕೈಕೊಟ್ಟಿತು. ಬಯಲಿನಲ್ಲಿ ನನ್ನ 100 ಮೀಟರಿಗೆ 64 ಜೋಡಿ ಹೆಜ್ಜೆ. ಬಂಡೆ ಹತ್ತಿಳಿಯುವಾಗ ಆ ಲೆಕ್ಕ ನೀರಿಗೆ ಹಾಕಿದ ಹಾಗೆ.

ಈಗ ಒಂದು ಬಂಡೆ ಎಡಕ್ಕೆ ಸುತ್ತಿದರೆ ಮುಂದಿನದು ಬಲಕ್ಕೆ. ಹೊರಡುವ ಮೊದಲೇ ಅದೇ ಸಾಲಿನಲ್ಲಿ ದೂರದ ಒಂದು ಮರವನ್ನೋ ಗುಡ್ಡದ ತುದಿಯನ್ನೋ ಕಣ್ಣಲ್ಲಿ ಹಿಡಿಯುತ್ತೇನೆ. ಒಂಟಿ ಕಲ್ಲು ನಂಬುವುದಿಲ್ಲ, ಎಲ್ಲ ಒಂದೇ ಥರ ಅಲ್ವಾ? ಅದು ದಿಬ್ಬದ ಮೇಲಿದೆಯೋ ಕೊರಕಲಿನಲ್ಲಿದೆಯೋ ಅಂತ ಕಂದು ಗೆರೆ ನೋಡುತ್ತೇನೆ.

ಕೊನೆಯ ಬಾವುಟ ಕಾಲುವೆಯ ತೂಬಿನ ಹತ್ತಿರ. ಅಲ್ಲಿ ಮಾತ್ರ ಬುದ್ಧಿ ಓಡಿತು. ನೇರ ತೂಬಿಗೇ ಗುರಿ ಇಟ್ಟು ತಪ್ಪಿದರೆ ಎಡಕ್ಕೆ ಹೋಗಬೇಕೋ ಬಲಕ್ಕೋ ತಿಳಿಯುವುದಿಲ್ಲ. ಬೇಕಂತಲೇ 50 ಮೀಟರ್ ಎಡಕ್ಕೆ ಗುರಿ ಇಟ್ಟೆ. ಕಾಲುವೆ ಸಿಕ್ಕ ತಕ್ಷಣ ಬಲಕ್ಕೆ ತಿರುಗಿದೆ, ಬಾವುಟ ಎದುರಿಗೇ ಇತ್ತು.

4 ಕಿ.ಮೀ.ಗೆ 1 ಗಂಟೆ 50 ನಿಮಿಷ. ಅದರಲ್ಲಿ 40 ನಿಮಿಷ ಅಜ್ಜನ ಎದುರು ಹುಡುಕಿದ ಆ ಕಲ್ಲಿಗೇ ಹೋಯಿತು.